ಬಂಡೆಯ ಮೇಲೆ ನೀರುನಾಯಿಯ ಸಂಸಾರ

ಡಾಲ್ಫಿನ್ ಅಧ್ಯಯನ ಮಾಡುವವರು ಬೆನ್ನಿನ ಈಜುರೆಕ್ಕೆಯ ಕಚ್ಚುಗಳ ಫೋಟೊ ತೆಗೆದು ಒಂದೊಂದು ಪ್ರಾಣಿಯನ್ನೂ ಬೇರೆಬೇರೆಯಾಗಿ ಗುರುತು ಹಿಡಿಯುತ್ತಾರೆ. ನಮ್ಮ ಭದ್ರಾ ಹೊಳೆಯ ನೀರುನಾಯಿಗಳಲ್ಲಿ ಅಂಥ ಗುರುತು ನನಗೆ ಸಿಕ್ಕಿಲ್ಲ. ತಲೆ ಎತ್ತಿ ನೋಡಿ ಮುಳುಗಿದರೆ ಮುಗಿಯಿತು. ಹಾಗಾಗಿ ನಾನು ಹಿಡಿದ ದಾರಿ ಹಿಕ್ಕೆಯದು. ಒಂದು ಗುಂಪು ಹೊಳೆ ನಡುವಿನ ಅದೇ ಬಂಡೆಗೆ ಮತ್ತೆಮತ್ತೆ ಬಂದು ಹಿಕ್ಕೆ ಹಾಕುತ್ತದೆ. ಅದರ ವಾಸನೆಯೇ ಉಳಿದ ಗುಂಪುಗಳಿಗೆ ಸುದ್ದಿ.

ಕಳಸ, ಬಾಳೆಹೊನ್ನೂರು ಕಡೆ ಮಳೆಗಾಲದಲ್ಲಿ ಹೊಳೆ ಎಲ್ಲವನ್ನೂ ತೊಳೆದುಬಿಡುತ್ತದೆ. ದೀಪಾವಳಿ ಕಳೆದು ಬಂಡೆಗಳು ಮೇಲೆದ್ದ ಮೇಲೆ ನನ್ನ ಓಡಾಟ ಶುರು. ಹಿಕ್ಕೆಯನ್ನು ಕಡ್ಡಿಯಲ್ಲಿ ಬಿಡಿಸಿ ನೋಡುತ್ತೇನೆ. ಮೀನಿನ ಹುರುಪೆ, ಮುಳ್ಳು ತುಂಬಿದ್ದರೆ ದೊಡ್ಡ ಜಾತಿಯ ನೀರುನಾಯಿಯದು. ಏಳರಿಂದ ಹನ್ನೊಂದು ಕೆಜಿ ತೂಗುವ ಇವು ಒಟ್ಟಾಗಿ ಸಾಲುಗಟ್ಟಿ ಮೀನನ್ನು ಅಟ್ಟುತ್ತವೆ. ಬರೀ ಏಡಿ ಚಿಪ್ಪಿನ ಚೂರಾದರೆ ಬೆಟ್ಟದ ಹಳ್ಳಗಳ ಚಿಕ್ಕ ಉಗುರಿನ ನೀರುನಾಯಿ ಇರಬಹುದು ಎಂದುಕೊಂಡು ಹೆಜ್ಜೆ ಹುಡುಕುತ್ತೇನೆ. ಒದ್ದೆ ಮರಳಿನ ಹೆಜ್ಜೆಯಲ್ಲಿ ಉಗುರಿನ ಗುರುತು ಮೂಡದಿದ್ದರೆ ಅನುಮಾನ ಗಟ್ಟಿಯಾಗುತ್ತದೆ. ದೊಡ್ಡ ಹೆಜ್ಜೆಗಳ ಜೊತೆ ಸಣ್ಣವೂ ಕಂಡ ದಿನ ನನಗೆ ಹಬ್ಬ. ಚಿಕ್ಕ ಉಗುರಿನವುಗಳಲ್ಲಿ ಮರಿ ಸಾಕುವುದು ತಾಯಿಯೊಬ್ಬಳ ಪಾಡಲ್ಲ. ಗಂಡೂ ದುಡಿಯುತ್ತದೆ, ಹಿಂದಿನ ಸೂಲಿನ ಅಕ್ಕ-ಅಣ್ಣಂದಿರೂ ಕೈಜೋಡಿಸುತ್ತಾರೆ.

ಹಿಕ್ಕೆ ಸಿಗುವ ಈ ಕಾಲವೇ ಅರೇಬಿಕಾ ಕಾಫಿ ಕೊಯ್ಲಿನ ಕಾಲವೂ ಹೌದು. ಹಳ್ಳ ಬತ್ತುತ್ತಿರುವಾಗ, ಕಾಫಿ ಹಣ್ಣಿನ ಸಿಪ್ಪೆ ಸುಲಿಯುವ ಪಲ್ಪರ್‌ ಯಂತ್ರದ ಕೊಳೆ ನೀರು ಅದಕ್ಕೇ ಇಳಿದರೆ, ಹಣ್ಣಿನ ಸಿಹಿಯೆಲ್ಲ ಕೊಳೆತು ನೀರಿನ ಆಮ್ಲಜನಕವನ್ನು ತಿಂದುಹಾಕುತ್ತದೆ. ಮೀನು, ಏಡಿ ಸಾಯುತ್ತವೆ. ಅಂಥ ಹಳ್ಳದ ಬಂಡೆಗಳು ಖಾಲಿಯಾಗಿದ್ದನ್ನು ಕಂಡಿದ್ದೇನೆ, ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ತೋಟದ ಸಾಹುಕಾರರ ಹತ್ತಿರ ಹಿಕ್ಕೆ ಹಿಡಿದುಕೊಂಡೇ ಹೋಗುತ್ತೇನೆ: "ಅಣ್ಣ, ನಿಮ್ಮ ಹಳ್ಳದಲ್ಲಿ ಇವು ಇವೆ, ನೀರನ್ನು ಗುಂಡಿಗೆ ತಿರುಗಿಸಿ ಸುಣ್ಣ ಹಾಕಿ." ಕೆಲವರು ಕೇಳಿದ್ದಾರೆ. ಕಡಿಮೆ ನೀರು ಬೇಡುವ ಪಲ್ಪರ್‌ ಹಾಕಿಸಿಕೊಂಡವರೂ ಇದ್ದಾರೆ.

ಕೂಡಲಿಯಲ್ಲಿ ತುಂಗೆ ಸೇರಿ ಮುಂದೆ ಹರಿಯುವ ಇದೇ ನೀರಿನ ಮೇಲೆ, ಮುದ್ಲಾಪುರದಿಂದ ಕಂಪ್ಲಿಯವರೆಗೆ, ನೀರುನಾಯಿಗಳಿಗೆಂದೇ 2015ರಲ್ಲಿ ಸಂರಕ್ಷಣಾ ಮೀಸಲು ಘೋಷಣೆಯಾಯಿತು. ಮೇಲಿನ ಹಳ್ಳಗಳಿಗೆ ಅಂಥ ಕಾವಲಿಲ್ಲ. ತೋಟದವರು, ಮೀನು ಹಿಡಿಯುವವರೇ ಕಾಯಬೇಕು. ಬಂಡೆಗಳ ಜಾಗವನ್ನು ಮಾತ್ರ ನಾನು ಹೊರಗಿನ ಯಾರಿಗೂ ಹೇಳುವುದಿಲ್ಲ. ನೀರುನಾಯಿಯ ಚರ್ಮಕ್ಕೆ ಇವತ್ತಿಗೂ ಕಳ್ಳ ಮಾರುಕಟ್ಟೆಯಿದೆ.