ದೂರು ವಜಾ ಆಯ್ತಾ? ಮೊದಲು ಆರ್ಡರ್ ಶೀಟ್ ಓದಿ

ಶಿರಸಿ ಕಡೆಯ ಪರಿಚಯದ ತೋಟಿಗರೊಬ್ಬರು ಒಂದು ಹಾಳೆ ಹಿಡಿದು ಬಂದಿದ್ದರು. ಕೊಯ್ಲಿನ ಹೊತ್ತಿಗೆ ತೋಟದಿಂದ ಅಡಿಕೆ ಕೊನೆ ಕಳವಾಗಿತ್ತು. ಕೋರ್ಟಿಗೆ ಖಾಸಗಿ ದೂರು ಕೊಟ್ಟರು, ಅದೂ ವಜಾ ಆಯ್ತು. ಆದೇಶ ಎರಡೇ ಸಾಲು: ‘ದೂರು, ದಾಖಲೆ ನೋಡಲಾಗಿದೆ. ಸಾಕಷ್ಟು ಆಧಾರವಿಲ್ಲದ್ದರಿಂದ ವಜಾ.’

‘ಕದ್ದವನು ಅವನೇ ಮಾರಾಯ್ರೆ, ಊರಿಗೇ ಗೊತ್ತು’ ಎಂದರು. ಇರಬಹುದು. ಆದರೆ ಮೇಲಿನ ಕೋರ್ಟಿನಲ್ಲಿ ಆ ಮಾತಿಗೆ ಜಾಸ್ತಿ ಬೆಲೆಯಿಲ್ಲ. ಕೆಳಗಿನ ಕೋರ್ಟ್ ಕಾನೂನು ಹೇಳಿದ ಹಾಗೆ ನಡೆದಿದೆಯಾ ಎಂಬುದನ್ನೇ ಅಲ್ಲಿ ನೋಡುತ್ತಾರೆ.

ಹಾಗಾಗಿ ಮೊದಲ ಕೆಲಸ ಸರ್ಟಿಫೈಡ್ ಕಾಪಿಗೆ ಅರ್ಜಿ. ಆದೇಶದ ಕಾಪಿ ಮಾತ್ರ ಸಾಲದು. ದೂರು, ಪ್ರಮಾಣ ಹೇಳಿಕೆ, ಪೊಲೀಸ್ ವರದಿ ಇದ್ದರೆ ಅದು, ಮುಖ್ಯವಾಗಿ ಆರ್ಡರ್ ಶೀಟ್ (ಯಾವ ತಾರೀಕಿಗೆ ಕೋರ್ಟಿನಲ್ಲಿ ಏನಾಯಿತು ಎಂದು ಬರೆದಿಡುವ ಹಾಳೆ), ಎಲ್ಲ ತೆಗೆಸಿ. ಕೆಳಗಿನ ಕೋರ್ಟಿನ ಆದೇಶ ಸರಿಯಿದೆಯಾ ನೋಡಿ ಎಂದು ಮೇಲಿನ ಕೋರ್ಟನ್ನು ಕೇಳುವ ಅರ್ಜಿಯೇ ರಿವಿಜನ್. ಅದಕ್ಕೆ ಆದೇಶದ ದಿನದಿಂದ 90 ದಿನ ಗಡುವು. ಆದೇಶದ ಕಾಪಿ ಸಿಗಲು ಹಿಡಿದ ದಿನಗಳು ಆ ಲೆಕ್ಕಕ್ಕೆ ಬರುವುದಿಲ್ಲ.

ಈಗ ಕೂತು ಓದಿ, ಅವಸರ ಬೇಡ. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 223ರ ಪ್ರಕಾರ ದೂರುದಾರರನ್ನೂ ಹಾಜರಿದ್ದ ಸಾಕ್ಷಿಗಳನ್ನೂ ಪ್ರಮಾಣ ಮಾಡಿಸಿ ವಿಚಾರಿಸಬೇಕು. ನಮ್ಮ ತೋಟಿಗರ ಆರ್ಡರ್ ಶೀಟ್‌ನಲ್ಲಿ ‘ದೂರುದಾರ ಹಾಜರ್, ಸಾಕ್ಷಿ ಹಾಜರ್’ ಎಂದಿತ್ತು. ಹೇಳಿಕೆ ಮಾತ್ರ ದೂರುದಾರರದ್ದು ಒಂದೇ! ಕಳವು ಕಂಡಿದ್ದ, ಅಡಿಕೆ ಗೊನೆ ಕೊಯ್ಯುವ ಕೊನೆಗೌಡ ಬೆಳಿಗ್ಗೆಯಿಂದ ಜಗುಲಿಯಲ್ಲಿ ಕೂತು ಸುಮ್ನೆ ಮನೆಗೆ ಹೋಗಿದ್ದ. ಹಿಡಿಯಬೇಕಾದ ತಪ್ಪು ಇಂಥದ್ದು.

ಇನ್ನು ಕಾರಣ. ಕಲಂ 226ರಡಿ ದೂರು ವಜಾ ಮಾಡಬಹುದು, ಆದರೆ ಕಾರಣವನ್ನು ಚುಟುಕಾಗಿಯಾದರೂ ಬರೆಯಲೇಬೇಕು. ‘ಆಧಾರವಿಲ್ಲ’ ಅನ್ನುವುದು ತೀರ್ಮಾನ. ಯಾಕಿಲ್ಲ ಅಂತ ಹೇಳಿದರೆ ತಾನೆ ಕಾರಣ? ಅಲ್ಲದೆ ಈ ಹಂತದಲ್ಲಿ ಮೇಲ್ನೋಟಕ್ಕೆ ಕೇಸ್ ಇದೆಯಾ ಎಂದಷ್ಟೇ ನೋಡಬೇಕು, ಶಿಕ್ಷೆ ಆಗುವಷ್ಟು ಸಾಕ್ಷ್ಯ ಕೇಳುವಂತಿಲ್ಲ. ಸುಪ್ರೀಂ ಕೋರ್ಟ್ ಇದನ್ನು 1976ರ ನಾಗವ್ವ ಪ್ರಕರಣದಲ್ಲೇ ಹೇಳಿದೆ. ಅದು ನಮ್ಮ ಕರ್ನಾಟಕದ್ದೇ ಕೇಸು.

ಪೊಲೀಸರು ಬಿ ರಿಪೋರ್ಟ್, ಅಂದರೆ ಕೇಸ್ ಮುಗಿಸಿಬಿಡಿ ಎನ್ನುವ ವರದಿ ಹಾಕಿದ್ದರೆ ಬೇರೆ ಮಾತು. ಅದನ್ನು ಒಪ್ಪುವ ಮುಂಚೆ ದೂರುದಾರರಿಗೆ ನೋಟಿಸ್ ಕೊಡಬೇಕು ಎಂದು 1985ರ ಭಗವಂತ್ ಸಿಂಗ್ ತೀರ್ಪು ಹೇಳುತ್ತದೆ. ನೋಟಿಸ್ ಬಂದರೆ ಆ ವರದಿಗೆ ತಕರಾರು ಎತ್ತುವ ಪ್ರೊಟೆಸ್ಟ್ ಅರ್ಜಿ ಹಾಕಿ.

ಅರ್ಜಿ ಎಲ್ಲಿ? ಕಲಂ 438ರಡಿ ರಿವಿಜನ್, ಸೆಷನ್ಸ್ ಕೋರ್ಟಿನಲ್ಲಿ. ನಮ್ಮ ಉತ್ತರ ಕನ್ನಡ ಜಿಲ್ಲೆಯ ಸೆಷನ್ಸ್ ಕೋರ್ಟ್ ಕಾರವಾರದಲ್ಲಿದೆ. ಘಟ್ಟದ ಮೇಲಿನವರು ಶಿರಸಿಯಲ್ಲೇ ಹಾಕಲು ಬರುತ್ತದಾ ಎಂದು ವಕೀಲರನ್ನು ಕೇಳಿ, ದೇವಿಮನೆ ಘಟ್ಟ ಇಳಿಯುವುದು ತಪ್ಪೀತು. ಹೈಕೋರ್ಟಿಗೂ ಹೋಗಬಹುದು, ನಮಗದು ಧಾರವಾಡ ಪೀಠ. ಆದರೆ ಎರಡರಲ್ಲಿ ಒಂದೇ. ಸೆಷನ್ಸ್‌ನಲ್ಲಿ ಸೋತು ಧಾರವಾಡಕ್ಕೆ ಮತ್ತೆ ರಿವಿಜನ್ ಒಯ್ಯುವಂತಿಲ್ಲ. ಹೈಕೋರ್ಟಿನ ಅಂತರ್ಗತ ಅಧಿಕಾರದ ಕಲಂ 528 ಎಂಬ ಸಣ್ಣ ಕಿಂಡಿ ಉಳಿಯುತ್ತದೆ, ಅದನ್ನು ನಂಬಿ ಕೂರಬೇಡಿ.

ಅರ್ಜಿಯಲ್ಲಿ ಕಳವಿನ ಕಥೆ ಅರ್ಧ ಪುಟಕ್ಕೆ ಮುಗಿಯಲಿ. ಯಾವ ತಾರೀಕಿನಲ್ಲಿ ಏನು ತಪ್ಪಿತು, ಯಾವ ಕಲಂ ಮೀರಿತು, ಅದರಿಂದ ನಿಮಗೇನು ಅನ್ಯಾಯವಾಯಿತು ಎಂದು ಬರೆಸಿ. ಕೊನೆಯದನ್ನು ಬಹಳ ಜನ ಮರೆಯುತ್ತಾರೆ. ನ್ಯಾಯಕ್ಕೆ ಧಕ್ಕೆಯಾಗದ ಸಣ್ಣಪುಟ್ಟ ಲೋಪಕ್ಕೆ ಆದೇಶ ಬೀಳುವುದಿಲ್ಲ. ಮ್ಯಾಜಿಸ್ಟ್ರೇಟರನ್ನು ಬೈದು ಬರೆಯಲೇಬೇಡಿ. ಎದುರಿನವರನ್ನೂ ಪಾರ್ಟಿ ಮಾಡಿ, ಅವರ ಮಾತು ಕೇಳದೆ ರಿವಿಜನ್ ಒಪ್ಪುವಂತಿಲ್ಲ.

ಫೀ ಕಷ್ಟವಾದರೆ ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಹೆಂಗಸರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ವಕೀಲರ ನೆರವು ಉಚಿತ.

ಗೆದ್ದರೆ ಆರೋಪಿ ಜೈಲಿಗೆ ಹೋಗುವುದಿಲ್ಲ. ದೂರನ್ನು ಮತ್ತೆ ವಿಚಾರಿಸಿ ಎಂದು ಕಲಂ 439ರಡಿ ಕೆಳಗೆ ಕಳಿಸುತ್ತಾರೆ, ಅಷ್ಟೆ. ಆಗ ಕೊನೆಗೌಡನನ್ನು ಮತ್ತೆ ಕೋರ್ಟಿಗೆ ಕರೆದುಕೊಂಡು ಹೋಗಬೇಕು. ತಾರೀಕು ಕೊಯ್ಲಿನ ದಿನಗಳಲ್ಲಿ ಬೀಳದಿದ್ದರೆ ಸಾಕು ಎನ್ನುತ್ತಿದ್ದಾರೆ ನಮ್ಮ ತೋಟಿಗರು.