ಸ್ಥಾಯಿಗೊಂದು ಮಹಡಿ, ಸ್ವರಕ್ಕೊಂದು ಬಣ್ಣ: ಸದ್ದನ್ನು ಬೆಳಕಾಗಿಸುವ ಕಟ್ಟಡದ ಮಾದರಿ

ಹಾಡಿದರೆ ಬಣ್ಣ ಬದಲಿಸುವ ಕಟ್ಟಡ ಸದ್ಯಕ್ಕೆ ಕಲ್ಪನೆಯಲ್ಲೇ ಇರಲಿ. ಮೇಜಿನ ಮೇಲೆ ಅದರ ಮಾದರಿಯನ್ನಂತೂ ಮಾಡಬಹುದು. ಮಾಡುವವರೂ ಬಹಳ. ಆದರೆ ಹೆಚ್ಚಿನವು ಸದ್ದಾದಾಗೆಲ್ಲ ಸುಮ್ನೆ ಮಿಣಮಿಣ ಅನ್ನುವ ದೀಪದ ಸರವಾಗಿ ಮುಗಿಯುತ್ತವೆ. ಚಪ್ಪಾಳೆಗೂ ಅದೇ ಬೆಳಕು, ಕೊಳಲಿಗೂ ಅದೇ. ವೈರಿಂಗ್ ಎಲ್ಲರಿಗೂ ಬರುತ್ತದೆ. ಎಡವುವುದು ಯಾವ ಸದ್ದಿಗೆ ಯಾವ ಬಣ್ಣ ಅನ್ನುವ ಲೆಕ್ಕದಲ್ಲಿ.

ಮೊದಲು ಕಟ್ಟಡ. ನೆಲಮಹಡಿ ಸೇರಿ ಐದು ಮಹಡಿ, ಗೋಡೆಗೆ ಹಾಲುಬಿಳಿ ಅಕ್ರಿಲಿಕ್ ಅಥವಾ ಟ್ರೇಸಿಂಗ್ ಪೇಪರ್. ಪಾರದರ್ಶಕ ಹಾಳೆ ಬೇಡವೇ ಬೇಡ, ಎಲ್‌ಇಡಿಗಳ ಚುಕ್ಕಿಗಳೇ ಕಣ್ಣಿಗೆ ಹೊಡೆಯುತ್ತವೆ. ಮೀಟರಿಗೆ 60 ಎಲ್‌ಇಡಿ ಇರುವ ಪಟ್ಟಿಯಲ್ಲಿ ಒಂದರಿಂದ ಒಂದಕ್ಕೆ ಸುಮಾರು 17 ಮಿ.ಮೀ. ಅಂತರವಿರುತ್ತದೆ. ಪಟ್ಟಿಗೂ ಗೋಡೆಗೂ ನಡುವೆ ಅದಕ್ಕಿಂತ ಜಾಸ್ತಿ ಜಾಗ ಬಿಡಿ. ಮಹಡಿಗಳ ನಡುವೆ ಕಪ್ಪು ರಟ್ಟು ಇರಲೇಬೇಕು. ಇಲ್ಲದಿದ್ದರೆ ಬಣ್ಣಗಳು ಸೋರಿ ಬೆರೆತು ಬಿಳಚಿಕೊಳ್ಳುತ್ತವೆ.

ಆಮೇಲೆ ಒಳಗಿನ ಸಾಮಾನು: ಇಎಸ್‌ಪಿ32 ಬೋರ್ಡು (ಲೆಕ್ಕ ಮಾಡಿ ದೀಪ ನಡೆಸುವ ಪುಟ್ಟ ಕಂಪ್ಯೂಟರ್), ಮಹಡಿಗೆ 12ರಂತೆ 60 ಡಬ್ಲ್ಯುಎಸ್2812ಬಿ (ಒಂದೊಂದಕ್ಕೂ ಬೇರೆ ಬಣ್ಣ ಕೊಡಬಹುದಾದ) ಎಲ್‌ಇಡಿ, ಒಂದು ಡಿಜಿಟಲ್ ಮೈಕ್. ಒಂದೊಂದು ಎಲ್‌ಇಡಿ ಪೂರ್ತಿ ಬೆಳಗಿದಾಗ 60 ಮಿಲಿಆಂಪ್‌ವರೆಗೆ ಎಳೆಯುತ್ತದೆ. ಒಟ್ಟು 3.6 ಆಂಪ್ ಆಯಿತು, ಹಾಗಾಗಿ 5 ವೋಲ್ಟ್, 4 ಆಂಪ್‌ನ ಬೇರೆ ಅಡಾಪ್ಟರ್ ಕೊಡಿ. ಬೋರ್ಡಿನಿಂದಲೇ ಪಟ್ಟಿಗೆ ಕರೆಂಟ್ ಎಳೆಯಬೇಡಿ. ‘ಸೌಂಡ್ ಸೆನ್ಸರ್’ ಎಂದು ಮಾರುವ ಅಗ್ಗದ ಮಾಡ್ಯೂಲ್‌ಗಳಲ್ಲಿ ಕೆಲವು, ಸದ್ದು ಇದೆ ಅಥವಾ ಇಲ್ಲ ಎಂದಷ್ಟೇ ಹೇಳುತ್ತವೆ. ಅವು ಈ ಕೆಲಸಕ್ಕೆ ದಂಡ. ರಿಮೋಟಿನಲ್ಲಿ ‘ಮ್ಯೂಸಿಕ್ ಮೋಡ್’ ಇರುವ ಸಿದ್ಧ ಪಟ್ಟಿಗಳೂ ಸಾಮಾನ್ಯವಾಗಿ ಸದ್ದಿನ ಜೋರನ್ನಷ್ಟೇ ನೋಡುತ್ತವೆ.

ಈಗ ಅಸಲಿ ಕೆಲಸ. ಕಿವಿಗೆ ಕೇಳುವುದು ಸುಮಾರು 20ರಿಂದ 20,000 ಹರ್ಟ್ಸ್ (ಸೆಕೆಂಡಿಗೆ ಇಷ್ಟು ಕಂಪನ). ಒಂದು ಸ್ಥಾಯಿ ಮೇಲೇರಿದರೆ ಕಂಪನ ದುಪ್ಪಟ್ಟಾಗುತ್ತದೆ, ಅಂದರೆ ಕಿವಿಗೆ ಹತ್ತು ಸ್ಥಾಯಿ. ಕಣ್ಣಿಗೆ ಕಾಣುವ ಬೆಳಕು ಹೆಚ್ಚುಕಡಿಮೆ ಒಂದೇ ಸ್ಥಾಯಿ! 440 ಹರ್ಟ್ಸ್ ಸದ್ದನ್ನು 40 ಸಲ ದುಪ್ಪಟ್ಟು ಮಾಡುತ್ತಾ ಹೋದರೆ ಕೆಂಪು ಛಾಯೆಯ ಕಿತ್ತಳೆ ಬೆಳಕಿನ ಕಂಪನಕ್ಕೆ ಬಂದು ನಿಲ್ಲುತ್ತೀರಿ. ಆದರೆ ಅದರ ಮೇಲಿನ 880ಕ್ಕೆ ಹೊಸ ಬಣ್ಣ ಎಲ್ಲಿಂದ ತರುವುದು? ತಗ್ಗಿನ ಸದ್ದು ಕೆಂಪು, ಎತ್ತರದ್ದು ನೇರಳೆ ಎಂದು ಉದ್ದಕ್ಕೆ ಎಳೆಯುವವರು ಸೋಲುವುದು ಇಲ್ಲೇ. ಹಾಡಿನ ಮುಕ್ಕಾಲು ಪಾಲು ಬರೀ ಕೆಂಪಿನಲ್ಲೇ ಕಳೆದುಹೋಗುತ್ತದೆ. ಬಣ್ಣವನ್ನು ಸ್ವರಕ್ಕೆ ಕೊಡಿ, ಸ್ಥಾಯಿಯನ್ನು ಮಹಡಿಗೆ ಕೊಡಿ. ಫ್ರಾನ್ಸಿನ ಪಾದ್ರಿ ಲೂಯಿ ಬರ್ಟ್ರಾಂಡ್ ಕಾಸ್ಟೆಲ್ 1725ರಲ್ಲೇ ಬಣ್ಣ ತೋರುವ ಹಾರ್ಪ್ಸಿಕಾರ್ಡಿನ (ಕೀಲಿಮಣೆಯ ತಂತಿವಾದ್ಯ) ವಿಚಾರ ಮುಂದಿಟ್ಟಿದ್ದ. ಮಹಡಿ ಹತ್ತಿಸುವ ಅನುಕೂಲ ನಮಗಿದೆ.

ಲೆಕ್ಕ ಹೀಗೆ. ಕಂಪನವನ್ನು 131ರಿಂದ (ನೆಲಮಹಡಿಯ ಮೊದಲ ಸ್ವರದ ಕಂಪನ) ಭಾಗಿಸಿ, 2ರ ಆಧಾರದ ಲಾಗ್ ತೆಗೆದು, 12ರಿಂದ ಗುಣಿಸಿ (ಒಂದು ಸ್ಥಾಯಿಗೆ 12 ಸ್ವರ). ಬಂದದ್ದನ್ನು ಹತ್ತಿರದ ಪೂರ್ಣ ಸಂಖ್ಯೆ ಮಾಡಿ 12ರಿಂದ ಭಾಗಿಸಿ. ಭಾಗಲಬ್ಧವೇ ಮಹಡಿ (0 ಅಂದರೆ ನೆಲಮಹಡಿ), ಶೇಷವೇ ಸ್ವರ. ಶೇಷವನ್ನು 30ರಿಂದ ಗುಣಿಸಿದರೆ ಬಣ್ಣದ ಚಕ್ರದ ಕೋನ ಸಿಗುತ್ತದೆ. ಹಾಡುವವರ ಷಡ್ಜ ಬೇರೆಯಾಗಿದ್ದರೆ 131ರ ಜಾಗದಲ್ಲಿ ಅವರ ಮಂದ್ರ ಷಡ್ಜದ ಕಂಪನ ಹಾಕಿ.

ಸೆಕೆಂಡಿಗೆ 10,000 ಸ್ಯಾಂಪಲ್ (ಸದ್ದಿನ ಅಳತೆ), ಎಫ್‌ಎಫ್‌ಟಿಗೆ (ಸದ್ದನ್ನು ಕಂಪನಗಳಾಗಿ ಬಿಡಿಸುವ ಲೆಕ್ಕ) 1024 ಸ್ಯಾಂಪಲ್ ಇಟ್ಟರೆ, ಬಿಡಿಸಿದ ಒಂದೊಂದು ಗೆರೆಗೂ ಸುಮಾರು 9.8 ಹರ್ಟ್ಸ್ ಅಗಲ. ನೆಲಮಹಡಿಯ ತಳದಲ್ಲಿ ಪಕ್ಕಪಕ್ಕದ ಸ್ವರಗಳ ಅಂತರ ಬರೀ 8 ಹರ್ಟ್ಸ್, ಹಾಗಾಗಿ ಅಲ್ಲಿ ಸ್ವರ ಗುರುತು ಸಿಗುವುದಿಲ್ಲ. ಸ್ಯಾಂಪಲ್ ಹೆಚ್ಚಿಸಿದರೆ ಬೆಳಕು ಹಾಡಿನ ಹಿಂದೆ ಓಡುತ್ತದೆ. ಹಟ ಬೇಡ. ನೆಲಮಹಡಿಗೆ ಒಂದೇ ಕಡುಗೆಂಪು ಕೊಟ್ಟುಬಿಡಿ, ಅದು ಚೆನ್ನಾಗಿಯೂ ಕಾಣುತ್ತದೆ. ಉಳಿದ ಮಹಡಿಗಳಲ್ಲಿ ಹೆಚ್ಚು ಜೋರಾಗಿರುವ ಸ್ವರ ಒಂದನ್ನೇ ಆರಿಸಿ, ಪೂರ್ತಿ ಮಹಡಿಗೆ ಅದರ ಬಣ್ಣ. ಹನ್ನೆರಡು ಬಣ್ಣವನ್ನೂ ಒಟ್ಟಿಗೆ ಹಚ್ಚುವ ಆಸೆ ಬಿಡಿ.

ಬೆಳಕು ಬೇಗ ಏರಲಿ, ನಿಧಾನ ಇಳಿಯಲಿ. ಹೊಸ ಬೆಲೆ ದೊಡ್ಡದಾದರೆ ತಕ್ಷಣ ತೆಗೆದುಕೊಳ್ಳಿ, ಇಲ್ಲವಾದರೆ ಹಳೆಯದನ್ನು ಪ್ರತಿ ಫ್ರೇಮಿಗೂ 0.9ರಿಂದ ಗುಣಿಸಿ. 256 ಹೊಸ ಸ್ಯಾಂಪಲ್ ಬಂದಾಗೆಲ್ಲ ಲೆಕ್ಕ ಮಾಡಿದರೆ ಸೆಕೆಂಡಿಗೆ ಸುಮಾರು 39 ಫ್ರೇಮ್ ಸಿಗುತ್ತದೆ. ಹೀಗೆ ನಿಧಾನ ಇಳಿಸುವುದು ಬರೀ ಅಂದಕ್ಕಲ್ಲ. ಸೆಕೆಂಡಿಗೆ 3ಕ್ಕಿಂತ ಹೆಚ್ಚು ಸಲ ಜೋರಾಗಿ ಮಿನುಗುವ ಬೆಳಕು ಕೆಲವರಲ್ಲಿ ಮೂರ್ಛೆ ತರಿಸಬಹುದು. ಇನ್ನು ಅರ್ಧ ಬೆಳಕು ಬೇಕೆಂದು 255ರಲ್ಲಿ (ಪೂರ್ತಿ ಬೆಳಕಿಗೆ ಕಳಿಸುವ ಅಂಕಿ) 128 ಕಳಿಸಬೇಡಿ, ಕಣ್ಣಿಗೆ ಅದು ಹೆಚ್ಚುಕಡಿಮೆ ಮುಕ್ಕಾಲು ಬೆಳಕು. 55ರ ಹತ್ತಿರ ಕಳಿಸಿ.

ಮೈಕ್ ಮೇಜಿಗೆ ತಾಗದಂತೆ ಸ್ಪಂಜಿನ ಮೇಲಿಡಿ.

ಪರೀಕ್ಷೆಗೆ ಫೋನಿನ ಟೋನ್ ಆಪ್ ಸಾಕು. ಕೊಳಲು, ಪಿಟೀಲು ಆಮೇಲೆ. ಅವುಗಳ ಉಪಸ್ವರಗಳು ಮೇಲಿನ ಮಹಡಿಗಳನ್ನೂ ಹೊತ್ತಿಸುತ್ತವೆ, ಪಿಟೀಲಿಗಂತೂ ಜಾಸ್ತಿ. 440 ಹರ್ಟ್ಸ್‌ಗೆ ಮೊದಲ ಮಹಡಿ ನೇರಳೆಯಾಗಬೇಕು, 880ಕ್ಕೆ ಎರಡನೇ ಮಹಡಿ ಅದೇ ನೇರಳೆ. ಎರಡಕ್ಕೂ ಬೇರೆ ಬೇರೆ ಬಣ್ಣ ಬಂದರೆ ಲಾಗ್ ಲೆಕ್ಕ ತಪ್ಪಿದೆ. ಎರಡಕ್ಕೂ ಒಂದೇ ಬಣ್ಣ, ಆದರೆ ನೇರಳೆ ಅಲ್ಲ ಎಂದಾದರೆ ಸ್ಯಾಂಪಲ್ ದರವನ್ನೋ ಆ 131ನ್ನೋ ಮತ್ತೊಮ್ಮೆ ನೋಡಿ.