ಬಾಂಬ್ ಇರುವ ಗದ್ದೆಯಲ್ಲಿ ಕ್ಯಾಮೆರಾ ಇಟ್ಟಿದ್ದು

ಕಾರವಾರದವನು ವಿಯೆಟ್ನಾಂ ಪಕ್ಕದ ಲಾವೋಸ್‌ಗೆ ಹೋಗಿ ಬಾಂಬ್ ಮೇಲೆ ಡಾಕ್ಯುಮೆಂಟರಿ ಮಾಡೋದು ಯಾಕೆ ಅಂತ ಕೇಳಿದವರೇ ಜಾಸ್ತಿ. ನಮ್ಮದು ನೌಕಾನೆಲೆ ಇರುವ ಊರು. ಕಡಲತೀರದಲ್ಲಿ ಚಾಪೆಲ್ ಯುದ್ಧನೌಕೆಯನ್ನೇ ಮ್ಯೂಸಿಯಂ ಮಾಡಿ ನಿಲ್ಲಿಸಿದ್ದಾರೆ, ಮಕ್ಕಳು ಹತ್ತಿ ಫೋಟೋ ತೆಗೆಸಿಕೊಳ್ಳುತ್ತಾರೆ. ಯುದ್ಧ ಮುಗಿದ ಮೇಲೆ ಬಾಂಬು ಯಾರ ಗದ್ದೆಯಲ್ಲಿ ಉಳಿಯುತ್ತದೆ ಅಂತ ತೋರಿಸೋಕೆ ಅದಕ್ಕಿಂತ ಒಳ್ಳೇ ಊರು ಯಾವುದು ಹೇಳಿ!

1964ರಿಂದ 1973ರವರೆಗೆ ಅಮೆರಿಕ ಲಾವೋಸ್ ಮೇಲೆ 20 ಲಕ್ಷ ಟನ್‌ಗೂ ಜಾಸ್ತಿ ಬಾಂಬ್ ಸುರಿಯಿತು. ಕ್ಲಸ್ಟರ್ ಬಾಂಬ್ ಒಳಗಿನ ಮರಿಬಾಂಬುಗಳೇ ಸುಮಾರು 27 ಕೋಟಿ, ಅದರಲ್ಲಿ ಶೇ 30ರಷ್ಟು ಸಿಡಿಯಲಿಲ್ಲ ಅನ್ನುವುದು ಅಂದಾಜು. ಟೆನಿಸ್ ಚೆಂಡಿನಷ್ಟು ದಪ್ಪ. ಅಲ್ಲಿನವರು 'ಬೊಂಬಿ' ಅನ್ನುತ್ತಾರೆ. ಮಣ್ಣೊಳಗೆ ಅದು ಇರೋದು ಗೊತ್ತಿಲ್ಲದೆ ಮೇಲೆ ಒಲೆ ಹಚ್ಚಿದರೂ ಕಾವಿಗೆ ಸಿಡಿಯಬಹುದು.

ಶಿಯಾಂಗ್ ಖ್ವಾಂಗ್ ಪ್ರಾಂತ್ಯದಲ್ಲಿ ಶೂಟಿಂಗ್. ಅಲ್ಲಿ ನಿರ್ದೇಶಕ ನಾನಲ್ಲ, ಬಾಂಬ್ ತೆರವು ಮಾಡುವ ತಂಡದ ಮುಖ್ಯಸ್ಥೆ. ಅವರು ಗುರುತು ಹಾಕಿದ ದಾರಿ ಬಿಟ್ಟು ಒಂದು ಹೆಜ್ಜೆ ಇಡುವ ಹಾಗಿಲ್ಲ, ಒಳ್ಳೇ ಆಂಗಲ್ ಆ ಕಡೆಯೇ ಇದ್ದರೂ. ಸಿಕ್ಕ ಬಾಂಬನ್ನು ಸಿಡಿಸೋಕೆ ಸ್ಫೋಟಕ ಜೋಡಿಸುವ ಹೊತ್ತಿಗೆ ಮೊಬೈಲ್, ವೈರ್‌ಲೆಸ್ ಮೈಕ್ ಎಲ್ಲ ಆಫ್, ಯಾಕೆಂದರೆ ರೇಡಿಯೊ ಅಲೆಯಿಂದ ಎಲೆಕ್ಟ್ರಿಕ್ ಡಿಟೊನೇಟರ್ ಹೊತ್ತಿಕೊಳ್ಳುವ ಅಪಾಯ ಇದೆ. ಹಾಗಾಗಿ ವೈರ್ ಇರುವ ಮೈಕ್, ದೂರದಿಂದ ಜೂಮ್ ಲೆನ್ಸ್, ಅಷ್ಟೇ.

ಸ್ಫೋಟದ ಶಾಟ್ ಸಿನಿಮಾದಲ್ಲಿ ಕೆಲವೇ ಸೆಕೆಂಡ್. ಜಾಸ್ತಿ ಹೊತ್ತು ಇರೋದು ಡಿಟೆಕ್ಟರ್ ಆಡಿಸುತ್ತ ಗದ್ದೆಯಲ್ಲಿ ಇಂಚಿಂಚು ಸರಿಯುವ ಹೆಂಗಸರು. ಬೀಪ್ ಬಂದರೆ ಮೊಣಕಾಲೂರಿ ಮೆಲ್ಲಗೆ ಮಣ್ಣು ಕೆರೆಯುತ್ತಾರೆ, ಸಿಗೋದು ಮೊಳೆಯೋ ತಗಡಿನ ಚೂರೋ, ಮತ್ತೆ ಏಳುತ್ತಾರೆ, ಮತ್ತೆ ಬೀಪ್. ಬೋರ್ ಆಗುತ್ತೆ, ಕತ್ತರಿಸು ಅಂದರು ಗೆಳೆಯರು. ಕತ್ತರಿಸಲಿಲ್ಲ. ಆ ಬೇಸರವೇ ಅಲ್ವಾ ವಿಷಯ? ಗಾಯಗೊಂಡವರ ಹತ್ತಿರ ಮಾತಾಡಿದೆ, ಆದರೆ ಇಲ್ಲದ ಕೈಗೆ ಕ್ಯಾಮೆರಾ ಹಿಡಿಯಲಿಲ್ಲ. ಕನಿಕರ ಹುಟ್ಟಿಸೋದು ಸುಲಭ, ಸಿನಿಮಾ ಮುಗಿದ ಕೂಡಲೇ ಅದೂ ಮುಗಿಯುತ್ತದೆ.

ಶಿರಸಿಯಲ್ಲಿ ತೋರಿಸಿದಾಗ ಅಡಿಕೆ ತೋಟದ ಹಿರಿಯರೊಬ್ಬರು, "ಹಂಗಾರೆ ಗದ್ದೆ ಹೂಡದು ಹೆಂಗೆ ತಮಾ?" ಅಂದರು. ಹೂಡುತ್ತಾರೆ, ಅಕ್ಕಿ ಬೇಕಲ್ಲ, ಅಂದೆ. ಸಭೆಯಲ್ಲಿ ಆಮೇಲೆ ಬಂದ ಪ್ರಶ್ನೆಗಳೆಲ್ಲ ಭೂಮಿ, ಬೆಳೆ, ಪರಿಹಾರದ್ದೇ. ಕಾರವಾರದಲ್ಲಿ ಬೇರೆ ಕಥೆ. ಕ್ಲಸ್ಟರ್ ಬಾಂಬ್ ನಿಷೇಧದ ಒಪ್ಪಂದ 2010ರಲ್ಲಿ ಜಾರಿಗೆ ಬಂತು, ಭಾರತ ಸಹಿ ಹಾಕಿಲ್ಲ, ಅಮೆರಿಕವೂ ಇಲ್ಲ ಅಂದೆ ನೋಡಿ, ನಿವೃತ್ತ ನೌಕಾಪಡೆಯವರೊಬ್ಬರು ಎದ್ದು, "ಗಡಿ ಕಾಯೋರ ಕೈ ಕಟ್ಟಬೇಕಾ?" ಅಂತ ಕೇಳಿದರು. ಒಪ್ಪಂದಕ್ಕೆ ಸೇರಿದ್ದ ಲಿಥುವೇನಿಯಾ ಕೂಡ 2025ರಲ್ಲಿ ಹೊರಬಂತು, ಅದೇ ಮಾತು ಹೇಳಿ. ಸಿಡಿಯದೆ ಉಳಿದದ್ದನ್ನು ಆರಿಸುವವರು ಯಾರು ಅಂತ ನಾನು ತಿರುಗಿ ಕೇಳಿದೆ. ಇಬ್ಬರೂ ಸೋಲಲಿಲ್ಲ. ಆ ನೌಕಾಪಡೆಯವರು ಮುಂದಿನ ಶೋಗೆ ತಮ್ಮ ಜೊತೆಯವರನ್ನೂ ಕರೆತಂದರು, ಈಗ ಸಹಿಯ ವಿಷಯವನ್ನು ಮೊದಲು ಅವರೇ ಎತ್ತುತ್ತಾರೆ.